ಕಾಗೆ ಮುಟ್ಟದ ಸಿನಿಮಾ

ನಾನು ಕ್ಯಾಮೆರಾ ಹೆಗಲಿಗೇರಿಸಿದ ದಿನ ಏನಾದರೊಂದು ಎಡವಟ್ಟು ಆಗಲೇಬೇಕು, ಅದು ನನ್ನ ಹಣೇಬರಹ. ತುಮಕೂರಲ್ಲಿ ಮದುವೆ ವಿಡಿಯೋ ತೆಗೆದೂ ತೆಗೆದೂ ಸಾಕಾಗಿ, ನನ್ನದೂ ಅಂತ ಒಂದು ಕಿರುಚಿತ್ರ ಮಾಡಲೇಬೇಕು ಅನ್ನೋ ಹಟ ಹತ್ತಿತು. ಇಂಗ್ಲಿಷಿನ ಹಳೇ ಶೋಕದ ಕವಿತೆಯೊಂದು ಸಿಕ್ಕಿತು: ಪ್ರಿಯೆಯನ್ನು ಕಳೆದುಕೊಂಡವನ ಕೋಣೆಗೆ ಕರೀ ಹಕ್ಕಿ ಬರುತ್ತದೆ. ನಮ್ಮ ಕಡೆಗೆ ತಂದರೆ ಹೆಂಡತಿ ಸತ್ತ ಗಂಡ, ಒಂದು ಕಾಗೆ.

ನಿಗೂಢ

ಗುಬ್ಬಿ ಊರಿನ ಗೆಳೆಯನನ್ನು ನಾಯಕ ಮಾಡಿದೆ. ವಸಂತನರಸಾಪುರದ ಕಾರ್ಖಾನೆಯಲ್ಲಿ ಕೆಲಸ, ಬಿಡುವಿದ್ದಾಗ ನಾಟಕ. ಕಥೆ ಕೇಳಿ ಕಣ್ಣು ಸಣ್ಣ ಮಾಡಿದ.

“ಕಾಗೆ ಯಾಕ್ ಬಂತು?”

“ಅದೇ ಕಣೋ ನಿಗೂಢ.”

“ಎಡೆ ಇಟ್ಟಿದ್ನಾ ಅವ್ನು?”

“ಇಲ್ಲ.”

“ಮತ್ತೆ ನಿಗೂಢ ಏನ್ಲಾ ಬಂತು? ಹೆಂಡ್ತಿ ಹಸ್ಕೊಂಡ್ ಬಂದವ್ಳೆ!”

ಹಾರ

ಕುಣಿಗಲ್‌ನ ಒಬ್ಬ ಅಜ್ಜಿ ತಮ್ಮ ಮನೆಯನ್ನು ಒಂದು ದಿನಕ್ಕೆ, ಸಂಜೆ ದೀಪ ಹಚ್ಚೋವರೆಗೆ ಮಾತ್ರ, ಬಿಟ್ಟುಕೊಟ್ಟರು. ಸತ್ತ ಹೆಂಡತಿ ಅಂತ ಗೋಡೆಗೆ ಹಾಕೋಕೆ ಒಂದು ಫೋಟೋ ಬೇಕಿತ್ತು; ಬದುಕಿರೋರ ಫೋಟೋಗೆ ಹಾರ ಅಂದರೆ ಯಾರೂ ಒಪ್ಪಲಿಲ್ಲ. ಕೊನೆಗೆ ಗೆಳೆಯನ ಹೆಂಡತಿಯೇ “ನಂದೇ ಹಾಕಿ, ನಂಗೇನೂ ಆಗಲ್ಲ” ಅಂದರು.

ಹಾರ, ದೀಪ ಕಂಡು ಪಕ್ಕದ ಮನೆಯಾಕೆ ಸೆರಗು ಬಾಯಿಗಿಟ್ಟುಕೊಂಡು ಬಂದರು. ಗೆಳೆಯನ ಹೆಂಡತಿ ಕಾಫಿ ಕೊಟ್ಟರು. ಆಕೆ ಫೋಟೋ ನೋಡಿದರು, ಇವರ ಮುಖ ನೋಡಿದರು. “ಅಕ್ಕನಾ?”

“ಅಲ್ಲ ಕಣ್ರೀ, ನಾನೇ. ಸಕ್ಕರೆ ಸಾಕಾ?”

ಆಕೆ ಹೋದ ರಭಸಕ್ಕೆ ಚಪ್ಪಲಿ ನಮ್ಮ ಬಾಗಿಲಲ್ಲೇ ಉಳೀತು.

ಆಸೆ

ಕಾಗೆ ಬರಲಿ ಅಂತ ಕಿಟಕಿಯಲ್ಲಿ ಎಲೆ ಹಾಕಿ ಅನ್ನದುಂಡೆ, ವಡೆ ಇಟ್ಟೆವು. ಕಾಗೆಗಳು ತೆಂಗಿನ ಮರದಲ್ಲಿ ಕೂತು ನೋಡಿದವೇ ಹೊರತು ಒಂದೂ ಇಳಿಯಲಿಲ್ಲ. ಬಿಸಿಲು ಜಾರುತ್ತಿತ್ತು. ಇದೊಂದು ಶಾಟ್ ಸಿಗದಿದ್ದರೆ ನನ್ನ ಸಿನಿಮಾ ಮುಗೀತು, ಮತ್ತೆ ಮದುವೆ ಮಂಟಪವೇ ಗತಿ. ಅಳು ಬರೋ ಹಾಗಾಯ್ತು.

ಅಜ್ಜಿ ಗೆಳೆಯನಿಗೆ ಹೇಳಿದರು: “ಹೋದೋಳ್ದು ಏನೋ ಆಸೆ ಉಳ್ಕೊಂಡೈತೆ. ನಡೆಸ್ಕೊಡ್ತೀನಿ ಅಂತ ಮಾತ್ ಕೊಡಪ್ಪ, ಮುಟ್ತದೆ.”

“ಅಜ್ಜಿ, ಇದು ಸಿನಿಮಾ” ಅಂದೆ.

“ಕಾಗೆಗ್ ಗೊತ್ತಾ ಅದು?”

ಗೆಳೆಯ ಕೈಮುಗಿದ. “ಒಡವೆ ಮಾಡಿಸ್ತೀನಿ.” ಕಾಗೆ ಅಲುಗಲಿಲ್ಲ. “ಕಾಶಿಗೆ ಕರ್ಕೊಂಡ್ ಹೋಗ್ತೀನಿ.” ಕಾಗೆ ಆ ಕಡೆ ತಿರುಗಿ ಕೂತಿತು.

ನನ್ನ ಹಿಂದಿನಿಂದ ಅವನ ಹೆಂಡತಿ ಮೆಲ್ಲಗೆ, “ಕಾರು ಓಡಿಸೋಕೆ ಕೊಡ್ತೀನಿ ಅನ್ರೀ” ಅಂದರು.

ಹೊಸ ಕಾರು. ಅದಕ್ಕೆ ಧೂಳು ಕೂತರೂ ಸಂಕಟಪಡೋ ಮನುಷ್ಯ ಅವನು. ನನ್ನ ಮುಖ ನೋಡಿದ. ನಾನೂ ಕೈಮುಗಿದೆ.

“ಆಯ್ತು ಕಣೇ... ಕೀ ನಿನ್ ಕೈಗೇ ಕೊಡ್ತೀನಿ.”

ಕಾಗೆ ಸರ್ರನೆ ಇಳಿದು ವಡೆಗೆ ಬಾಯಿ ಹಾಕಿತು. ಗೆಳೆಯನ ಕಣ್ಣಲ್ಲಿ ದಳದಳ ನೀರು. ಅಂಥಾ ಅಪ್ಪಟ ದುಃಖ ನಾನು ಹೇಳಿಕೊಟ್ಟಿದ್ದರೂ ಬರುತ್ತಿರಲಿಲ್ಲ. ಖುಷಿಗೆ ನಾನು ಕಟ್ ಹೇಳೋದನ್ನೇ ಮರೆತೆ.

“ಇನ್ನೊಂದ್ ಟೇಕ್ ತಗೊಳ್ಳೋ, ಡೈಲಾಗ್ ಬದಲಾಯಿಸ್ತೀನಿ” ಅಂದ ಮೂಗು ಒರೆಸುತ್ತಾ.

ಹೆಂಡತಿ ಕೈ ಚಾಚಿದರು. “ಅದು ತಿಂದಾಯ್ತು. ಕೀ ಕೊಡಿ.”