ಮಂಗನ ಚಿತ್ರ ನೋಡಲು ವಿಮಾನ ಹತ್ತಿದ್ದು

ಇವಳ ಕೈಲಿ ಆಗುವುದಿಲ್ಲ ಅಂತ ನನ್ನ ಬಗ್ಗೆ ಹೇಳುವುದರಲ್ಲಿ ನಮ್ಮ ಭಾವ ಯಾವಾಗಲೂ ಮೊದಲಿಗರು. ಭಾವ ಅಂದರೆ ನಮ್ಮ ಯಜಮಾನರ ಅಣ್ಣ. ಔರಾದದಲ್ಲಿ ತೊಗರಿ, ಸೋಯಾ ವ್ಯಾಪಾರ ಅವರದು. ನಾನು ಭಾಲ್ಕಿಯಲ್ಲಿ ಹಿಟ್ಟಿನ ಗಿರಣಿ ಹಾಕಿದಾಗ, "ಪಟ್ಟಾ ಹರಿದ ದಿನ ಅಳಕೋತ ಬರ್ತಾಳ ನೋಡ್ರಿ" ಅಂದಿದ್ದರು. ಪಟ್ಟಾ, ಅಂದರೆ ಗಿರಣಿಯ ಬೆಲ್ಟು, ಹರಿಯಿತು. ನಾನೇ ಕೂತು ಜೋಡಿಸಿದೆ. ಸ್ಕೂಟಿ ಕಲಿಯುವಾಗ, "ಗಟಾರದಾಗ ಬೀಳ್ತಾಳ" ಅಂದರು. ಬಿದ್ದೆ, ಆದರೆ ಗಟಾರದಲ್ಲಲ್ಲ, ಅವರದೇ ಅಂಗಡಿ ಮುಂದಿನ ತೊಗರಿ ರಾಶಿಯಲ್ಲಿ. ಅವರು ಆಗಲ್ಲ ಅನ್ನುವುದು, ನಾನು ಹಟಕ್ಕೆ ಬೀಳುವುದು, ಓಣಿಯವರು ನಗುವುದು. ಇಂಥವು ನನ್ನ ಬಾಳಿನಲ್ಲಿ ಬೇಡವೆಂದರೂ ನಡೆಯುತ್ತಲೇ ಇರುತ್ತವೆ.

ನನ್ನ ಸಾಲಿ ಏಳನೇ ಇಯತ್ತೆಗೆ ನಿಂತಿತು. ಓದುವ ಚಟ ಹತ್ತಿದ್ದು ಗಿರಣಿಯಲ್ಲಿ. ಗಿರಣಿ ಓಡುವಾಗ ಯಾರ ಮಾತೂ ಯಾರಿಗೂ ಕೇಳಿಸುವುದಿಲ್ಲ. ಜೋಳ ಹಿಟ್ಟಾಗಿ ಬೀಳುವತನಕ ಮಾಡುವುದೇನು? ಲೈಬ್ರರಿಯಿಂದ ಪುಸ್ತಕ ತಂದು ಹಿಟ್ಟಿನ ಕೈಯಲ್ಲೇ ಓದುತ್ತಿದ್ದೆ. ಲೈಬ್ರರಿಯವರು ಪುಸ್ತಕ ವಾಪಸ್ ತಗೊಳ್ಳುವಾಗ ಮೊದಲು ಕೊಡವುತ್ತಿದ್ದರು.

ಅಂಥ ಒಂದು ಪುಸ್ತಕದಲ್ಲಿ ಒಂದು ಫೋಟೋ ಇತ್ತು. ಪೆರು ಅನ್ನುವ ದೇಶದ ಮರಳುಗಾಡಿನಲ್ಲಿ, ನಾಸ್ಕಾ ಅನ್ನುವ ಕಡೆ, ಸಾವಿರಾರು ವರ್ಷದ ಹಿಂದೆ ಜನ ಮೇಲಿನ ಕಪ್ಪು ಕಲ್ಲು ಸರಿಸಿ, ಕೆಳಗಿನ ಬಿಳಿ ಮಣ್ಣು ಕಾಣುವಂತೆ ಗೆರೆ ಎಳೆದಿದ್ದಾರೆ. ಹಕ್ಕಿ, ಜೇಡ, ಬಾಲ ಸುತ್ತಿಕೊಂಡ ಮಂಗ. ಒಂದೊಂದು ಚಿತ್ರವೂ ನಮ್ಮ ಹೊಲಗಳಿಗಿಂತ ದೊಡ್ಡದು. ಪಕ್ಕದಲ್ಲಿ ನಿಂತರೆ ಬರೀ ಗೆರೆ. ಮಂಗ ಕಾಣಬೇಕಾದರೆ ವಿಮಾನ ಹತ್ತಬೇಕು. ಬರೆದವರ ಹತ್ತಿರ ವಿಮಾನ ಎಲ್ಲಿಂದ ಬರಬೇಕು? ತಮ್ಮ ಚಿತ್ರ ತಾವೇ ಪೂರಾ ನೋಡಲಾಗದಿದ್ದರೂ ಬಿಡದೆ ಬರೆದರಲ್ಲ! ಎಂಥ ಹಟಮಾರಿ ಜನ ಅನಿಸಿತು. ನಮ್ಮ ಪೈಕಿಯವರೇ ಅನಿಸಿತು.

ನಾನು ಹಣ ಕೂಡಿಸಿಟ್ಟದ್ದು ಖಾರ ಕುಟ್ಟುವ ಹೊಸ ಯಂತ್ರಕ್ಕೆ. ಎದುರು ಓಣಿಯವರೂ ಅಂಥದೇ ಯಂತ್ರ ತರುತ್ತಾರೆಂಬ ಸುದ್ದಿ ಆಗಲೇ ಇತ್ತು. ಆದರೂ ಒಂದು ದಿನ ಯಜಮಾನರಿಗೆ ಹೇಳಿದೆ, "ಯಂತ್ರ ಆಮ್ಯಾಲೆ. ಮೊದಲ ಮಂಗನ ನೋಡ್ಲಾಕ ಹೋಗ್ತೇನಿ." ಅವರು, "ಹೋಗಿ ಬಾ. ಗಿರಣಿ ನಾ ನೋಡ್ಕೋತೇನಿ" ಅಂದರು. ಇನ್ನು ನೋಡದೆ ಬಂದರೆ ಯಂತ್ರವೂ ಇಲ್ಲ, ಮಂಗನೂ ಇಲ್ಲ.

೧. ತನಿಖೆ

ಪಾಸ್‌ಪೋರ್ಟಿನ ತನಿಖೆಗೆ ಪೊಲೀಸರೊಬ್ಬರು ಗಿರಣಿಗೇ ಬಂದರು. ಠಾಣಾ ಕುಶನೂರ ಅನ್ನುವ ಊರಿನ ಕಡೆಯವರು. ಜೋಳದ ಚೀಲದ ಮೇಲೆ ಕೂತು ಕೇಳಿದರು.

"ಯಾಕ್ರೀ ಬಾಯಿ, ಪರದೇಶಕ್ಕ? ಮಕ್ಕಳದಾರೇನು ಅಲ್ಲಿ?"

"ಇಲ್ರಿ."

"ನೌಕರಿ?"

"ಇಲ್ರಿ. ಚಿತ್ರ ನೋಡ್ಲಾಕ."

"ಸಿನಿಮಾ?"

"ಅಲ್ರಿ, ನೆಲದ ಮ್ಯಾಲೆ ಬರದಿದ್ದು. ಮಂಗನ ಚಿತ್ರ."

ಅವರು ನನ್ನ ಮುಖ ನೋಡಿದರು. ಯಜಮಾನರ ಮುಖ ನೋಡಿದರು. ಯಜಮಾನರು ಹಿಟ್ಟು ಜರಡಿ ಹಿಡಿಯುವುದರಲ್ಲಿ ಮಗ್ನರಾದರು.

"ಬಾಯಿ, ಮಂಗ್ಯಾನ ನೋಡ್ಲಾಕ ಅಷ್ಟ್ ದೂರ ಯಾಕ್ರಿ? ನಮ್ಮ ಠಾಣೆ ಹಿಂದಿನ ಬೇವಿನ ಗಿಡದಾಗ ಬೇಕಾದಷ್ಟ ಅವ. ದಿನಾ ನನ್ನ ಟೋಪಿ ಒಯ್ತಾವ. ಒಂದ ಚಿತ್ರ ಯಾಕ, ಜೀವಂತನೇ ಒಯ್ಯಿರಿ!"

೨. ಸಾಕ್ಷಿ

ಸುದ್ದಿ ಔರಾದಕ್ಕೆ ಮುಟ್ಟಿದ ಮರುದಿನವೇ ಭಾವ ಬಂದರು.

"ಈಕಿ ಯಾನ್ ನೋಡ್ತಾಳ? ವಿಮಾನ ಮ್ಯಾಲೆ ಏಳೂ ಮೊದಲೇ ಕಣ್ಣ ಮುಚ್ಚತಾಳ. ವಾಪಸ್ ಬಂದು ನೋಡೀನಿ ಅಂತ ಸುಳ್ಳ ಹೇಳ್ತಾಳ. ಯಾರಿಗ್ಗೊತ್ತು?"

ಅದಕ್ಕೆ ಅವರೇ ಒಂದು ಉಪಾಯ ತೆಗೆದರು. ತಮ್ಮ ಖರ್ಚಿನಲ್ಲಿ ತಮ್ಮ ಹೆಂಡತಿಯನ್ನು, ಅಂದರೆ ನನ್ನ ದೊಡ್ಡ ನೆಗೆಣ್ಣಿಯನ್ನು, ನನ್ನ ಜೊತೆ ಕಳಿಸುವುದು. ನನ್ನನ್ನು ಸೋಲಿಸಲು ಅವರು ಎಷ್ಟು ಖರ್ಚು ಮಾಡಲೂ ತಯಾರು. ನೆಗೆಣ್ಣಿಯನ್ನು ನಾನು ಅಕ್ಕ ಅನ್ನುತ್ತೇನೆ. ಅಕ್ಕ ಅಲ್ಲಿಯವರೆಗೆ ಹೋದ ದೂರದ ಊರು ಹೈದರಾಬಾದ್, ಅದೂ ಕಣ್ಣಿನ ಆಪರೇಷನ್ನಿಗೆ. ಆದರೂ ಒಂದು ಮಾತು ಕೇಳದೆ ಖಡಕ್ ರೊಟ್ಟಿ ಬಡಿಯಲು ಕೂತಳು.

ಹೈದರಾಬಾದಿನ ಒಂದು ಟೂರ್ ಗುಂಪಿನ ಜೊತೆ ಹೊರಟೆವು. ವಿಮಾನದ ಮೇಲೆ ವಿಮಾನ ಬದಲಿಸಿ, ಹಗಲು ಯಾವುದು ರಾತ್ರಿ ಯಾವುದು ತಿಳಿಯದೆ ಪೆರು ಸೇರಿದೆವು. ಗೆರೆ ನೋಡುವ ದಿನ ಬೆಳಿಗ್ಗೆ ಬಸ್ಸು. ಹೊರಗೆ ಬರೀ ಮರಳು, ಬೋಳು ಗುಡ್ಡ. ಅಲ್ಲಿನ ಗೈಡ್ ಹೆಣ್ಣುಮಗಳು ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಮ್ಮ ಹೈದರಾಬಾದಿನ ಮ್ಯಾನೇಜರ್ ದಖನಿ ಉರ್ದುವಿನಲ್ಲಿ, ನಡುನಡುವೆ ಕನ್ನಡದಲ್ಲಿ ಹೇಳುತ್ತಿದ್ದರು. ಆ ಗೆರೆಗಳ ಮೇಲೆ ಯಾರೂ ಕಾಲಿಡುವಂತಿಲ್ಲವಂತೆ. ಮಳೆಯಿಲ್ಲ, ಗಾಳಿಯೂ ನೆಲಕ್ಕೆ ಅಷ್ಟಾಗಿ ತಾಗುವುದಿಲ್ಲ, ಹಾಗಾಗಿ ಒಂದು ಹೆಜ್ಜೆ ಬಿದ್ದರೆ ನೂರಾರು ವರ್ಷ ಹಾಗೇ ಉಳಿಯುತ್ತದಂತೆ. ಬಸ್ಸಿನವರೆಲ್ಲ "ಓಹೋ" ಅಂದರು.

ಅಕ್ಕ ಅನ್ನಲಿಲ್ಲ. "ನಮ್ಮ ಅಂಗಳದ ಸಿಮೆಂಟ್ ಹಸಿ ಇದ್ದಾಗ ನಾಯಿ ಓಡಿತ್ತು. ಇನ್ನಾ ತನಕ ಅದರ ಹೆಜ್ಜಿ ಹಂಗೇ ಅದ. ನಾವ್ಯಾನ್ ಟಿಕೀಟ್ ಇಟ್ಟೀವೇನು?"

೩. ಗಂಟಿನ ತೂಕ

ಚಿಕ್ಕ ವಿಮಾನ. ಹತ್ತುವ ಮೊದಲು ಪ್ರತಿಯೊಬ್ಬರನ್ನೂ ತೂಗುತ್ತಾರೆ. ಯಾರು ಎಡಕ್ಕೆ, ಯಾರು ಬಲಕ್ಕೆ ಕೂಡಬೇಕೆಂಬುದು ತೂಕದ ಮೇಲೆ. ಊರವರ ಜೋಳ ತೂಗುವ ನಾನು ಮೊದಲ ಸಲ ತಕ್ಕಡಿ ಮೇಲೆ ಸಾಮಾನಾಗಿ ನಿಂತೆ. ಹತ್ತುವ ಮುಂಚೆ ಮುಳ್ಳು ಸೊನ್ನೆಗೆ ಇದೆಯೋ ಇಲ್ಲವೋ ಬಗ್ಗಿ ನೋಡಿದೆ. ತೂಗುವ ಹುದ್ದೇದಾರರಿಗೆ ಅದು ಅಷ್ಟು ಸರಿ ಬರಲಿಲ್ಲ.

ಅಕ್ಕ ರೊಟ್ಟಿ ಗಂಟನ್ನು ಕಂಕುಳಲ್ಲಿ ಇಟ್ಟುಕೊಂಡೇ ಹತ್ತಿದಳು. ತೂಕ ಹೆಚ್ಚು ಬಂತು.

"ಗಂಟಿನ ತೂಕ ಕಳದು ಬರಕೋ ಅನ್ನು ಅವಗ" ಅಂದಳು ನನಗೆ. ಗಿರಣಿಯಲ್ಲಿ ನಾವು ಹಾಗೇ ಮಾಡುವುದು. ಒಟ್ಟು ತೂಗಿ, ಚೀಲದ ತೂಕ ಬಿಟ್ಟು ಜೋಳದ್ದಷ್ಟೇ ಹಿಡಿಯುತ್ತೇವೆ. ಮ್ಯಾನೇಜರ್ ಕೈ ಮುಗಿದರು.

"ಅಮ್ಮಾ, ಗಂಟು ವಿಮಾನದಾಗ ಬರೋದಿದ್ರ ಅದರ ತೂಕಾನೂ ಬರ್ತದ ನಾ! ಇಲ್ಲೇ ಛೋಡೋ ಅಮ್ಮಾ. ಫಿಕರ್ ನಕ್ಕೋ, ಚಿಂತಿ ಬ್ಯಾಡ."

"ಬಿಟ್ಟು ಹೋಗ್ಲಾಕ ಇದ್ಯಾನ್ ನನ್ನ ತಂಗಿ ಮನೀನಾ? ಗುರ್ತಿಲ್ಲ ಪರಿಚಯಿಲ್ಲ, ಯಾರರೆ ತಿಂದ್ರ?"

ವಿಮಾನ ಹತ್ತುವ ಮುಂಚೆ ಹೊಟ್ಟೆ ತುಂಬ ತಿನ್ನಬೇಡಿ ಎಂದು ಬೆಳಿಗ್ಗೆಯಿಂದ ಗೈಡ್ ಹೇಳುತ್ತಲೇ ಬಂದಿದ್ದಳು. ಅಕ್ಕ ಅಲ್ಲೇ ಬೆಂಚಿನ ಮೇಲೆ ಕೂತು ಗಂಟು ಬಿಚ್ಚಿದಳು. ಗುಂಪಿನವರಿಗೆ ಒಂದೊಂದು ಚೂರು ಕೊಟ್ಟು, ಉಳಿದ ರೊಟ್ಟಿಯನ್ನು ಶೇಂಗಾದ ಚಟ್ನಿ ಹಿಂಡಿ, ಎಣ್ಣೆ ಹಚ್ಚಿಕೊಂಡು ಒಂದೂ ಬಿಡದೆ ತಿಂದು ಮುಗಿಸಿದಳು. ಮೇಲೆ ನೀರು ಕುಡಿದಳು. ಖಾಲಿ ಬಟ್ಟೆಯನ್ನು ಎಲ್ಲರಿಗೂ ಕೊಡವಿ ತೋರಿಸಿ, ಮತ್ತೆ ತಕ್ಕಡಿ ಹತ್ತಿ, "ಈಗ ತೂಗಪ್ಪ" ಅಂದಳು.

ಮುಳ್ಳು ಬಂದು ಮೊದಲಿದ್ದ ಜಾಗದಲ್ಲೇ ನಿಂತಿತು. ಅಕ್ಕ ನನ್ನ ಕಡೆ ತಿರುಗಿ ಅಂದಳು, "ನೋಡ್ದ್ಯಾ? ಗಂಟು ಖಾಲಿ ಆದ್ರೂ ಅಷ್ಟೇ ತೋರಸ್ತದ. ತಕ್ಕಡಿನೇ ಕೆಟ್ಟದ."

೪. ಸ್ವಲ್ಪ ತಡಿ

ಕಡೆಗೆ ಇನ್ನೊಬ್ಬರ ಸೀಟು ಆಚೀಚೆ ಮಾಡಿ ನಮ್ಮಿಬ್ಬರನ್ನೂ ಹತ್ತಿಸಿಕೊಂಡರು. ಅಕ್ಕ ಬಲಗಡೆ ಕಿಟಕಿಗೆ, ನಾನು ಎಡಗಡೆ ಕಿಟಕಿಗೆ. ನಡುವೆ ಒಬ್ಬರು ಅಡ್ಡಡ್ಡ ದಾಟುವಷ್ಟು ಜಾಗ. ಎಲ್ಲರ ಮುಂದೂ ಒಂದೊಂದು ಕಾಗದದ ಚೀಲ. ಅಕ್ಕ ಅದನ್ನು ಬಿಚ್ಚಿ ನೋಡಿ, "ಖಾಲಿ ಕೊಟ್ಟಾರ. ಹೊಳ್ಳಿ ಬರುವಾಗ ಏನರೆ ಹಾಕಿ ಕೊಡ್ತಿರಬೇಕು" ಅಂದಳು.

ವಿಮಾನ ಎದ್ದಿತು. ಗುಡ್ಡ, ಮರಳು, ಒಣ ಹಳ್ಳಗಳು ಕೆಳಗೆ ಸರಿದವು. ಅಷ್ಟರತನಕ ಎಲ್ಲ ಸುಖವೇ. ಆಮೇಲೆ ಪೈಲಟ್ ಕೂಗಿ ಹೇಳಿದ್ದನ್ನು ಮ್ಯಾನೇಜರ್ ನಮಗೆ ಕೂಗಿದರು. ಪ್ರತಿ ಚಿತ್ರಕ್ಕೂ ವಿಮಾನ ಮೊದಲು ಬಲಕ್ಕೆ ವಾಲುತ್ತದೆ, ಬಲಗಡೆಯವರು ನೋಡಬೇಕು. ತಿರುಗಿ ಬಂದು ಎಡಕ್ಕೆ ವಾಲುತ್ತದೆ, ಎಡಗಡೆಯವರು ನೋಡಬೇಕು. ನನ್ನ ಸರದಿ ಯಾವಾಗಲೂ ಎರಡನೆಯದು.

ಮೊದಲು ತಿಮಿಂಗಿಲ. ವಿಮಾನ ಬಲಕ್ಕೆ ವಾಲಿದ್ದೇ ಅಕ್ಕ ಕಣ್ಣು ಗಟ್ಟಿಯಾಗಿ ಮುಚ್ಚಿ, ಕೈ ಚಾಚಿ ನನ್ನ ಮಣಿಕಟ್ಟು ಹಿಡಿದಳು. ಬಳೆಯೊಂದು ಚೂರಾಯಿತು. ಎಡಕ್ಕೆ ವಾಲಿತು. ನಾನು ಕಿಟಕಿಗೆ ಮುಖ ಒಡ್ಡಿದೆ.

"ತಂಗೀ, ಚೀಲಾ!"

ಅವಳ ಚೀಲ ಕೆಳಗೆ ಬಿದ್ದಿತ್ತು. ನನ್ನದು ಕೊಟ್ಟೆ. ತಿರುಗುವಷ್ಟರಲ್ಲಿ ತಿಮಿಂಗಿಲ ಹೋಗಿತ್ತು. ರೊಟ್ಟಿಗಳು ಮಾತ್ರ ಒಂದೊಂದಾಗಿ ಬಂದವು.

ಆಮೇಲೆ ಗುಡ್ಡದ ಮೇಲೆ ಕೈಯೆತ್ತಿ ನಿಂತ ಮನುಷ್ಯನ ಚಿತ್ರ. ಮತ್ತೆ ಬಲ, ಮತ್ತೆ ಎಡ.

"ತಂಗೀ, ಹಿಡಿ ಇದನ್ನ! ಚೀಲದ ಬಾಯಿ ಕಟ್ಟು!"

ಹಿರಿಯ ನೆಗೆಣ್ಣಿ ಕರೆದಾಗ "ಆಮೇಲೆ" ಅನ್ನುವ ಪದ್ಧತಿ ನಮ್ಮ ಮನೆಯಲ್ಲಿಲ್ಲ. ಮದುವೆಯಾಗಿ ಬಂದ ದಿನದಿಂದ ನಾನು ಆ ಮಾತು ಅಂದವಳಲ್ಲ. ಹಿಡಿದೆ, ಕಟ್ಟಿದೆ. ಕೈಯೆತ್ತಿ ನಿಂತಿದ್ದ ಮನುಷ್ಯನೂ ಹೋದ.

ಮುಂದೆ ಕೂತಿದ್ದ ಮ್ಯಾನೇಜರ್ ಕೂಗಿದರು, "ಅಮ್ಮಾ, ಬಂದರ್! ಮಂಗ ಬರ್ಲತ್ತದ!"

ನಾನು ಕಿಟಕಿಗೆ ಅಂಟಿ ಕೂತೆ. ಯಂತ್ರ ಬಿಟ್ಟು, ಭಾವನ ಮಾತು ಕೇಳಿಸಿಕೊಂಡು, ಅಷ್ಟೊಂದು ಸಮುದ್ರ ದಾಟಿ ಬಂದದ್ದು ಇದೊಂದಕ್ಕೆ. ಬಲಗಡೆಯವರು "ಆಹಾ" ಅಂದರು. ವಿಮಾನ ತಿರುಗಿತು. ಎಡಕ್ಕೆ ವಾಲತೊಡಗಿತು.

"ತಂಗೀ, ನೀರಾ!"

"ಅಕ್ಕಾ, ಸ್ವಲ್ಪ ತಡಿ!"

"ನಾ ಸಾಯ್ಲತ್ತೀನಿ!"

"ಮಂಗನ ನೋಡ್ತೇನಿ, ಆಮ್ಯಾಲೆ ಸಾಯಿ!"

ಅಂದೇಬಿಟ್ಟೆ. ಹಣೆಯನ್ನು ಗಾಜಿಗೆ ಒತ್ತಿದೆ. ಕಣ್ಣಲ್ಲಿ ನೀರು ಬಂತು, ಮುಚ್ಚಲಿಲ್ಲ. ರೆಕ್ಕೆಯ ತುದಿಯ ಕೆಳಗೆ ಮೊದಲು ಬರೀ ಗೆರೆ. ಆಮೇಲೆ ಆ ಗೆರೆ ಬಾಗಿ, ಸುತ್ತಿ, ಚಕ್ಕುಲಿಯಂಥ ಬಾಲವಾಯಿತು. ಬೆನ್ನಾಯಿತು, ಕೈಯಾಯಿತು. ಒಂದು ಕೈಗೆ ಐದು ಬೆರಳು, ಇನ್ನೊಂದಕ್ಕೆ ನಾಲ್ಕೇ. ಎಲ್ಲ ಕೂಡಿ ಮಂಗ. ನೆಲವೇ ಎದ್ದು ಕೂತಂತೆ ಇತ್ತು. ಪುಸ್ತಕದಲ್ಲಿ ಅಂಗೈಯಷ್ಟಿತ್ತು, ಇಲ್ಲಿ ನಾನೇ ಅದರ ಬೆರಳಿನಷ್ಟೂ ಇರಲಿಲ್ಲ.

ನೋಡಿಯಾದ ಮೇಲೆ ಅಕ್ಕನಿಗೆ ನೀರು ಕೊಟ್ಟೆ. ತಲೆ ಹಿಡಿದೆ. ಜೇಡ, ಹಕ್ಕಿ, ನಾಯಿ ಎಲ್ಲ ನನ್ನ ಬೆನ್ನ ಹಿಂದೆಯೇ ಹೋದವು.

ಇಳಿದ ಮೇಲೆ ಹಾರಿದವರಿಗೆಲ್ಲ ಒಂದೊಂದು ಬಣ್ಣದ ಸರ್ಟಿಫಿಕೇಟ್ ಕೊಟ್ಟರು, ಎಲ್ಲ ಚಿತ್ರ ನೋಡಿದ್ದಾರೆ ಅಂತ. ಮ್ಯಾನೇಜರ್ ಓದಿ ಹೇಳಿದರು. ಗೋಡೆಗೆ ಒರಗಿ ಕೂತಿದ್ದ ಅಕ್ಕ ಅದನ್ನು ಸೆರಗಿನಲ್ಲಿ ಕಟ್ಟಿಕೊಂಡು ಕಣ್ಣು ತೆರೆದಳು. "ಸರಕಾರನೇ ಬರಕೊಟ್ಟ ಮ್ಯಾಲೆ, ನಾ ನೋಡೀನಿ ಅಂತನೇ ಆತಲ್ಲ."

೫. ಮೇಲಿಂದ ನೋಡಬೇಕು

ಭಾಲ್ಕಿಗೆ ಬಂದ ಮರುದಿನ ಗಿರಣಿಯಲ್ಲಿ ಓಣಿಯೇ ಸೇರಿತು. ಭಾವ ಕುರ್ಚಿ ಹಾಕಿಸಿಕೊಂಡು ನಡುವೆ ಕೂತು ಅಕ್ಕನನ್ನು ಕೇಳಿದರು.

"ಹೇಳು. ಈಕಿ ನೋಡಿದಳೇನು?"

"ಪಾಪ, ತಂಗಿಗ್ಯಾನ್ ಕಾಣತದ?" ಅಂದಳು ಅಕ್ಕ. "ವಾಂತಿ ಚೀಲ ಹಿಡಕೊಂಡೇ ಕೂತಿತ್ತು. ನಾನೇ ಎಲ್ಲಾ ನೋಡಿದೆ. ಆನಿ, ಒಂಟಿ, ನವಿಲ. ನವಿಲ ಅಂತೂ ಭಾಳ ಪಸಂದಿತ್ತು."

ಚೀಲ ಹಿಡಿದದ್ದು ಸುಳ್ಳಲ್ಲ. ಯಾರದು ಎಂಬುದನ್ನು ಯಾರೂ ಕೇಳಲಿಲ್ಲ. ಭಾವನ ಮುಖ ಅರಳಿತು. ಓಣಿಯ ಹೆಂಗಸರು ನನ್ನ ಕಡೆ ನೋಡಿ ಲೊಚಗುಟ್ಟಿದರು. ಅಕ್ಕನ ಜೊತೆ ವಾದಕ್ಕೆ ಇಳಿದರೆ ಮನೆಯ ಮಾತು ಬೀದಿಗೆ. ನಾನು ಎಲ್ಲರನ್ನೂ ಗೋಡೆಗೆ ಸರಿಸಿ, ಗಿರಣಿಯ ಕರಿ ಕಲ್ಲಿನ ನೆಲದ ಮೇಲೆ ಜೋಳದ ಹಿಟ್ಟಿನಿಂದ ಗೆರೆ ಎಳೆಯತೊಡಗಿದೆ. ಬಾಗಿಲಿನಿಂದ ಯಂತ್ರದ ಬುಡದವರೆಗೆ ಎಷ್ಟು ಜಾಗವಿತ್ತೋ ಅಷ್ಟೂ ದೊಡ್ಡದಾಗಿ. ಕಣ್ಣಲ್ಲಿ ಕೂತದ್ದನ್ನು ಕೈ ತಾನೇ ಬರೆಯಿತು.

ಭಾವ ಎದ್ದು ನಿಂತು ನೋಡಿದರು. "ಇದ್ಯಾನ್? ಕೋಳಿ ಕೆದರಿದಂಗದ."

"ಕೆಳಗ ನಿಂತ್ರ ಹಂಗೇ ಕಾಣತದ್ರಿ ಭಾವ. ಮ್ಯಾಲೆ ಹತ್ತಬೇಕು."

ಮೂಲೆಯಲ್ಲಿ ತೊಗರಿ, ಜೋಳದ ಚೀಲಗಳನ್ನು ಒಂದರ ಮೇಲೊಂದು ಒಟ್ಟಿದ ಥಪ್ಪಿ ಮಾಡಿನ ತಗಡಿನ ಹತ್ತಿರದವರೆಗೆ ಇತ್ತು. ಓಣಿಯೆಲ್ಲ ನೋಡುತ್ತಿರುವಾಗ ಹಿಂಜರಿಯುವವರಲ್ಲ ನಮ್ಮ ಭಾವ. ಧೋತರ ಎತ್ತಿ ಕಟ್ಟಿ ಹತ್ತಿದರು. ತುದಿಗೆ ಹೋಗಿ, ತಲೆ ತಗಡಿಗೆ ತಾಗಿಸಿ, ಕೆಳಗೆ ನೋಡಿದರು.

"ಅಲಾ! ಮಂಗ! ಖರೇನೇ ಮಂಗ ಅದ! ಬಾಲ ನೋಡ್ರಿ ಬಾಲ! ಒಂದ ಕೈಗಿ ನಾಕೇ ಬೆರಳ ಯಾಕ?"

"ಅಲ್ಲಿನೂ ಅಷ್ಟೇ ಅವ್ರಿ. ನಾ ನೋಡೀನಿ."

ಭಾವ ಬಹಳ ಹೊತ್ತು ನೋಡಿದರು. "ಹ್ಞೂಂ. ನೋಡದೆ ಹಿಂಗ ಬರೀಲಾಕ ಬರಲ್ಲ" ಅಂದರು. ಅವರ ಬಾಯಿಂದ ಅಂಥ ಮಾತು ಬಿದ್ದದ್ದು ಅದೇ ಮೊದಲು. ಆಗಲೇ ಕಾಲ ಕೆಳಗಿನ ಚೀಲ ಒಂದು ಗೇಣು ಜಾರಿತು. ಭಾವ ತಗಡಿನ ಕೆಳಗಿನ ಕಬ್ಬಿಣದ ಪಟ್ಟಿಯನ್ನು ಎರಡೂ ಕೈಯಲ್ಲಿ ಅಪ್ಪಿ, ಕಣ್ಣು ಗಟ್ಟಿಯಾಗಿ ಮುಚ್ಚಿ ಕೂಗಿದರು.

"ಹಿಡೀರಿ! ತಲಿ ತಿರಗಲತ್ತದ! ಯಾರರೆ ಇಳಸ್ರಿ ನನಗ!"

ಅಕ್ಕ ಸೊಂಟದ ಮೇಲೆ ಕೈಯಿಟ್ಟು ಕೆಳಗಿನಿಂದ ಗದರಿಸಿದಳು. "ಕಣ್ಣ ತೆಗೀರಿ ಮೊದಲ! ಜ್ವಾಳದ ಚೀಲ ಹತ್ತಿ ಹಿಂಗ ಮಾಡ್ತೀರಿ! ನಾ ಆಕಾಶದಾಗ ಒಂದ ಸಲಾನೂ ಕಣ್ಣ ಮುಚ್ಚಿಲ್ಲ!"

ಈಗ ನನ್ನ ಹತ್ತಿರ ಇರುವುದು ಭಾಲ್ಕಿಯಲ್ಲಿ ಒಂದು ಹಳೆಯ ಗಿರಣಿ, ಒಂದು ಸ್ಕೂಟಿ, ಮತ್ತು ಕಣ್ಣು ತೆರೆದು ನೋಡಿದ ಒಂದು ಮಂಗ. ಆ ಮಂಗನಿಗಾಗಿ ಹೊಸ ಯಂತ್ರ ಕೈ ತಪ್ಪಿತು. ಖಾರ ಕುಟ್ಟಿಸುವವರೆಲ್ಲ ಈಗ ಎದುರು ಓಣಿಯ ಯಂತ್ರಕ್ಕೆ ಹೋಗುತ್ತಾರೆ. ಹೋಗಲಿ.