ಹಳೇ ಕಚೇರಿಯ ಕಲ್ಲು, ನಮ್ಮನೆಯ ಬಟ್ಟೆ

ಮನೆಗೆ ಬಂದವರಿಗೆ ಚಹಾ ಕೊಡುವುದು ನಮ್ಮಾಕೆ ಗಂಗಮ್ಮನ ಕೆಲಸ, ಬಡಾಯಿ ಬಡಿಸುವುದು ನನ್ನದು. ಚಹಾ ಆರಿಹೋಗುತ್ತದೆ, ಬಡಾಯಿ ಆರುವುದಿಲ್ಲ. ಸಿಂಧನೂರು, ಮಸ್ಕಿ, ಲಿಂಗಸುಗೂರು ಅಂತ ಬಸ್ಸಿನಲ್ಲಿ ಕೂಗಿ ಕೂಗಿ ಪಳಗಿದ ಕಂಡಕ್ಟರನ ಬಾಯಿ ಇದು. ನಿವೃತ್ತಿಯಾದದ್ದು ಚೀಲಕ್ಕೆ, ಬಾಯಿಗಲ್ಲ. ಈ ಬಾಯಿಯಿಂದಲೇ ಹೋದ ಬೇಸಿಗೆಯಲ್ಲಿ ನಮ್ಮ ಮನೆಯ ಬಟ್ಟೆ ಒಗೆಯುವ ಕಲ್ಲನ್ನು ಕಳೆದುಕೊಂಡೆ.

ಲಿಂಗಸುಗೂರಿನ ನಮ್ಮ ಬಡಾವಣೆಯ ನಡುವೆ ನಿಜಾಮರ ಕಾಲದ ಕಲ್ಲಿನ ಕಚೇರಿಯೊಂದಿದೆ. ಸುತ್ತಲೂ ನಮ್ಮ ಸಿಮೆಂಟಿನ ಮನೆಗಳು, ಪ್ಲಾಸ್ಟಿಕ್ ನೀರಿನ ಟಾಕಿಗಳು. ಈಗ ಆ ಕಚೇರಿಗೆ ಪುರಾತತ್ವ ಇಲಾಖೆಯ ನೀಲಿ ಬೋರ್ಡು, ಕಬ್ಬಿಣದ ಬೇಲಿ, ಮುಟ್ಟಿದರೆ ದಂಡ. ಮೊದಲು ಹಾಗಿರಲಿಲ್ಲ. ಮನೆ ಕಟ್ಟುವವರಿಗೆ ಪಾಯಕ್ಕೆ ಕಲ್ಲು ಸಾಲದೆ ಹೋದರೆ ಬಂಡಿ ಹೂಡಿಕೊಂಡು ಅಲ್ಲಿಗೆ ಹೋಗುತ್ತಿದ್ದರು. ಅದನ್ನು ಕಳವು ಅಂತ ಯಾರೂ ಅನ್ನುತ್ತಿರಲಿಲ್ಲ. ಹೀಗಾಗಿ ಓಣಿಯಲ್ಲಿ ಒಬ್ಬರ ಹೊಸ್ತಿಲು, ಒಬ್ಬರ ದನದ ಗೋದಲಿ, ಇನ್ನೊಬ್ಬರ ತುಳಸಿಕಟ್ಟೆ, ಎಲ್ಲವೂ ಕಚೇರಿಯ ಬಳಗವೇ. ನಮ್ಮಪ್ಪ ಬಟ್ಟೆ ಒಗೆಯಲು ತಂದದ್ದು ಆಳುದ್ದದ ಒಂದು ಚಪ್ಪಡಿ. ಅದರ ಒಂದು ತುದಿಗೆ ದುಂಡನೆಯ ಕುಳಿ. ಗಂಗಮ್ಮ ಈ ಮನೆಗೆ ಬಂದ ಮೇಲೆ ಆ ಕುಳಿಯಲ್ಲಿ ಸಾಬೂನು ಇಡುವುದು ರೂಢಿಯಾಯಿತು.

ಹದಿನೈದರ ವಯಸ್ಸಿನಲ್ಲಿ ನನಗೆ ಎಲ್ಲಿಂದಲೋ ಒಂದು ಉಳಿ ಸಿಕ್ಕಿತ್ತು. ಆ ಚಪ್ಪಡಿಯನ್ನು ಮಗುಚಿಸಿ ಅಡಿಮೈ ಮೇಲೆ ಸೂರ್ಯ, ಚಂದ್ರ, ಒಂದು ಕುದುರೆ ಕೆತ್ತಿದೆ. ಕೆಳಗೆ ಯಾವ ಭಾಷೆಗೂ ಸೇರದ ನಾಲ್ಕು ಅಕ್ಷರ. ಅಮಾವಾಸ್ಯೆಯ ದಿನ ಗೆಳೆಯರ ಕೈಲಿ ಎತ್ತಿಸಿ ಗೋಡೆಗೆ ಆನಿಸಿ ನಿಲ್ಲಿಸಿದೆ. ಹೊತ್ತು ಏರುವಷ್ಟರಲ್ಲಿ ಪಕ್ಕದ ಮನೆಯ ಮುದುಕಿ ಕುಂಕುಮ ಹಚ್ಚಿ ಕಾಯಿ ಒಡೆದಿದ್ದಳು. ಕಾಯಿ ನಾನೇ ತಿಂದೆ. ಸಂಜೆ ಅಪ್ಪನಿಂದ ಒದೆಯನ್ನೂ ತಿಂದೆ. ಕಲ್ಲು ಮತ್ತೆ ಮಗುಚಿ ಬಿತ್ತು.

ಇಷ್ಟು ವರ್ಷಗಳ ಮೇಲೆ, ಕಚೇರಿಯನ್ನು ರಿಪೇರಿ ಮಾಡಿಸಲು ಒಬ್ಬ ಎಳೆವಯಸ್ಸಿನ ಮೇಡಂ ಟೇಪು ಹಿಡಿದು ಬಂದರು. ಕಳೆದುಹೋದ ಕಲ್ಲುಗಳನ್ನು ಹುಡುಕುತ್ತಿದ್ದಾರೆ ಅಂತ ಸುದ್ದಿ ಹಬ್ಬಿತು. ಓಣಿಯವರು ಹೊಸ್ತಿಲಿಗೆ ಗೋಣಿಚೀಲ ಹೊದಿಸಿ ಮೇಲೆ ಕೂತರು. ಒಬ್ಬಾಕೆಯಂತೂ ಮೇಡಂ ಹೋಗುವವರೆಗೂ ಗೋದಲಿಯ ಮೇಲೆ ಕೂತು ಕಾಳು ಆರಿಸಿದಳು. ನಾನೂ ಸುಮ್ಮನಿದ್ದರೆ ಮುಗಿಯುತ್ತಿತ್ತು. ಆದರೆ ಊರಿಗೆ ಒಬ್ಬರು ಹೊಸ ಕೇಳುಗರು ಬಂದಾಗ ಸುಮ್ಮನಿರುವುದು ಹೇಗೆ?

"ಮೇಡಂ, ಅವರ ಮನ್ಯಾಗ ಬರೇ ಕಲ್ಲು ಅದಾವ್ರಿ. ಶಾಸನ ನೋಡ್ಬೇಕಂದ್ರ ನಮ್ಮನಿಗೆ ಬರ್ರಿ" ಎಂದೆ.

ಬಂದರು. ಇಬ್ಬರು ಆಳುಗಳು ಕಲ್ಲು ಮಗುಚಿದರು. ಮೇಡಂ ನನ್ನ ಕುದುರೆಯನ್ನು ಬಹಳ ಹೊತ್ತು ನೋಡಿದರು. ಮತ್ತೆ ಕಲ್ಲು ಮಗುಚಿಸಿ ಕುಳಿಯಲ್ಲಿ ಬೆರಳಾಡಿಸಿದರು. ಉದ್ದ ಅಳೆದರು. "ಇದನ್ನ ಒಯ್ಯಬೇಕಾಗ್ತದರೀ ಅಜ್ಜಾರ" ಎಂದರು.

ಗಂಗಮ್ಮ ಒದ್ದೆ ಕೈಯಲ್ಲೇ ಅಡ್ಡ ನಿಂತಳು. "ನಲವತ್ತು ವರ್ಷ ಒಗದೀನ್ರಿ ಇದರ ಮ್ಯಾಲೆ. ಅಂಗಿ ಗುಂಡಿ ಸೈತ ಒಡಿಯಂಗಿಲ್ಲ, ಅಷ್ಟು ನುಣ್ಣಗ ಆಗೈತಿ. ಇದನ್ನ ಒಯ್ದ್ರ ನಾ ಎಲ್ಲಿ ಒಗೀಲಿ?" ಆಮೇಲೆ ನನ್ನ ಕಡೆ ತಿರುಗಿದಳು: "ಕಚೇರಿಗೆ ಹಾಕಿದಂಗ ನಿಮ್ಮ ಬಾಯಿಗೂ ಒಂದು ಬೇಲಿ ಹಾಕಿಸ್ಬೇಕಾಗಿತ್ತು ನೋಡ್ರಿ."

ಕಲ್ಲು ಉಳಿಸಲು ನನಗಿದ್ದದ್ದು ಒಂದೇ ದಾರಿ. ಜೀವನದಲ್ಲಿ ಮೊದಲ ಸಲ ನಿಜ ಹೇಳಿದೆ. "ಮೇಡಂ, ಅದು ಶಾಸನ ಅಲ್ರಿ. ಹುಡುಗ ಇದ್ದಾಗ ನಾನ ಕೆತ್ತೀನಿ."

"ಗೊತ್ತಾತ್ರಿ. ಐದು ಕಾಲಿನ ಕುದುರೀನ ಯಾವ ರಾಜನೂ ಕೆತ್ತಿಸಂಗಿಲ್ಲ."

"ಐದನೇದು ಬಾಲ ಐತ್ರಿ!" ಎಂದು ಬಾಯಿ ಬಿಟ್ಟೇಬಿಟ್ಟೆ. ಕೆತ್ತಿದವನಿಗೂ ಮಾನ ಇರುತ್ತದಲ್ಲ.

ಮೇಡಂ ನಕ್ಕರು. "ನನಗ ಕುದುರಿ ಬ್ಯಾಡ್ರಿ ಅಜ್ಜಾರ, ಈ ಕುಳಿ ಬೇಕು. ಕಚೇರಿ ದೊಡ್ಡ ಬಾಗಲಾ ತಿರುಗತಿದ್ದ ಕುಳಿ ಇದು. ಈ ಹೊಸ್ತಿಲಾ ಸಿಗಲಾರದಕ್ಕ ಬಾಗಲಾ ನಿಂದ್ರಸಲಾರದ ಕುಂತಿದ್ವಿ."

ಕಲ್ಲು ಹೋಯಿತು. ಕಚೇರಿಯ ಬಾಗಿಲಿಗೆ ಒಂದು ಬೆರಳೂ ಹೆಚ್ಚುಕಡಿಮೆಯಾಗದೆ ಕೂತಿತು. ಕುಳಿ ಮೇಲೆ ಬರಬೇಕಲ್ಲ, ಹಾಗಾಗಿ ಕುದುರೆ ಅಡಿಗೆ ಬಿತ್ತು. ನನ್ನ ಕೈಕೆಲಸಕ್ಕೆ ಈಗ ಸರ್ಕಾರದ ರಕ್ಷಣೆಯಿದೆ. ಆದರೆ ಯಾರಿಗಾದರೂ ತೋರಿಸಬೇಕೆಂದರೆ ಕಟ್ಟಡವನ್ನೇ ಎಬ್ಬಿಸಬೇಕು.

ಮಸ್ಕಿ ಕಡೆಯಿಂದ ಹೊಸ ಕಲ್ಲು ತರಿಸಿದೆ. ಮುಳ್ಳುಮುಳ್ಳಾಗಿದೆ, ಎರಡು ಸಲ ಉಜ್ಜಿದರೆ ಬಟ್ಟೆ ಹರಿಯುತ್ತದೆ. "ಇದು ನುಣ್ಣಗ ಆಗೋತನಕ ನಿಮ್ಮ ಅರಿವಿ ನೀವ ಒಗೀರಿ. ಆದ ಮ್ಯಾಲೆ ನನಗ ಹೇಳ್ರಿ" ಅಂದಳು ಗಂಗಮ್ಮ. ಆಕೆಯ ಬಟ್ಟೆ ಅಲ್ಲಿಯವರೆಗೆ ಪಕ್ಕದ ಮನೆಯ ಕಲ್ಲಿನ ಮೇಲೆ. ಅದೂ ಕಚೇರಿಯದೇ.

ಓಣಿಯವರ ಹೊಸ್ತಿಲು, ಗೋದಲಿ, ತುಳಸಿಕಟ್ಟೆ ಎಲ್ಲಾ ಇದ್ದಲ್ಲೇ ಇವೆ. ಸರ್ಕಾರದ ಸ್ವತ್ತನ್ನು ತಾನಾಗಿ ಹಿಂದಿರುಗಿಸಿದವನು ಈ ಬಡಾವಣೆಯಲ್ಲಿ ನಾನೊಬ್ಬನೇ ಎಂದು ಬಂದವರಿಗೆಲ್ಲ ಹೇಳುತ್ತಿದ್ದೇನೆ. ಹೇಳುವಾಗ ಕೈಯಲ್ಲಿ ಒಂದು ಒದ್ದೆ ಧೋತರ ಇರುತ್ತದೆ, ಅಷ್ಟೇ.