ಅಕ್ಕ ಒಂದು ಸಲ ಹೆದರಿಕೊಡುವ ಬಗ್ಗೆ

ಇಂದ,
ಪುಕ್ಕಲ (ಅಕ್ಕ ಇಟ್ಟ ಹೆಸರು),
ಭಯಾನಕ ಚಿತ್ರಗಳ ನಿರ್ದೇಶಕ, ಕ್ಯಾಮೆರಾಮನ್, ಸಂಕಲನಕಾರ, ಮೇಕಪ್‌ಮನ್ ಹಾಗೂ ದೆವ್ವ,
ಮಹಡಿ ಕೋಣೆ.

ಗೆ,
ಅಕ್ಕನವರು,
ಮುಖ್ಯಾಧಿಕಾರಿಗಳು, ಅಡುಗೆಮನೆ ಮತ್ತು ಬಟ್ಟೆ ಬೀರು,
ಕೆಳಮನೆ.

ವಿಷಯ: ನಾಳೆ ಒಂದೇ ಒಂದು ಸಲ ಹೆದರಿ ಸಹಕರಿಸುವ ಕುರಿತು.
ಉಲ್ಲೇಖ: ನಿನ್ನೆ ಮಧ್ಯಾಹ್ನ ಥಿಯೇಟರಿನಲ್ಲಿ ತಾವು ನಕ್ಕ ನಗು.

ಮಾನ್ಯ ಅಕ್ಕನವರೇ,

ಅರ್ಜಿದಾರನು ಹಲ್ಲು ಕಚ್ಚಿಕೊಂಡು ನಿವೇದಿಸಿಕೊಳ್ಳುವುದೇನೆಂದರೆ:

1. ಸದರಿಯವನು ಹನ್ನೊಂದು ವರ್ಷಗಳಿಂದ ದೆವ್ವದ ಸಿನಿಮಾ ಮಾಡುತ್ತಿದ್ದು, ಬೇರೆ ಯಾರೂ ಜೊತೆಗೆ ನಿಲ್ಲದ ಕಾರಣ ಎಲ್ಲ ಇಲಾಖೆಗಳನ್ನೂ ತಾನೇ ಹೊತ್ತಿರುತ್ತಾನೆ. ದೆವ್ವವಾಗಿ ಕ್ಯಾಮೆರಾ ಮುಂದೆ ಕುಣಿದು, ಏದುಸಿರು ಬಿಡುತ್ತಾ ಹಿಂದಕ್ಕೆ ಓಡಿಬಂದು 'ಕಟ್' ಎಂದು ತನಗೆ ತಾನೇ ಹೇಳಿಕೊಂಡಿರುತ್ತಾನೆ.

2. ಮೂಳೆ ಮುರಿಯುವ ಸದ್ದಿಗೆ ತಮ್ಮ ಸೌತೆಕಾಯಿ, ರಕ್ತಕ್ಕೆ ತಮ್ಮ ಬೀಟ್‌ರೂಟು, ದೆವ್ವದ ಮೈಗೆ ತಮ್ಮ ಬಿಳಿ ನೈಟಿ, ಇವನ್ನು ಕೇಳದೆ ಬಳಸಲಾಗಿದೆ. ತಪ್ಪಾಯಿತು.

3. ನಿನ್ನೆ ಥಿಯೇಟರ್ ಮಾಲೀಕರು ಹೊಸ ಚಿತ್ರವನ್ನು ಪರೀಕ್ಷೆಗೆ ಹಾಕಿಸಿದಾಗ ಹಾಲಿಗೆ ಹಾಲೇ ಉಸಿರು ಬಿಗಿಹಿಡಿದು ಕೂತಿತ್ತು. ಕಪಾಟಿನಿಂದ ದೆವ್ವ ಹೊರಬಂದದ್ದೇ ತಡ, ಮೂರನೇ ಸಾಲಿನಿಂದ ತಾವು, "ಥೂ ನಿನ್ನ! ಎರಡು ತಿಂಗಳಿಂದ ಹುಡುಕ್ತಿದೀನಲ್ಲೋ ಆ ನೈಟೀನಾ!" ಎಂದು ಕೂಗಿ ಹೊಟ್ಟೆ ಹಿಡಿದುಕೊಂಡು ನಕ್ಕಿರಿ. ಎಲ್ಲರೂ ಬಿದ್ದು ಬಿದ್ದು ನಕ್ಕರು. ದೆವ್ವದ ಮಾನ ಮೂರು ಕಾಸಿಗೆ ಹರಾಜಾಯಿತು. ಮಾಲೀಕರು ಕಣ್ಣೊರೆಸಿಕೊಳ್ಳುತ್ತಾ, "ಗುರುವಾರ ಇನ್ನೊಂದ್ಸಲ ನೋಡೋಣ. ಒಬ್ಬರಾದ್ರೂ ಹೆದರಿ ಕಿರುಚಿದ್ರೆ ಶುಕ್ರವಾರ ಬಿಡುಗಡೆ. ಇಲ್ಲಾಂದ್ರೆ ಗಂಟುಮೂಟೆ ಕಟ್ಟಿ" ಎಂದಿರುತ್ತಾರೆ.

4. "ಹಾಗಾದ್ರೆ ನನ್ನ ಬಿಟ್ಟು ಹೋಗೋ" ಎಂದು ತಾವು ಹೇಳಬಹುದು. ಆಗದು. ಚಿಕ್ಕಂದಿನಲ್ಲಿ ಕರೆಂಟು ಹೋದಾಗಲೆಲ್ಲ ಅರ್ಜಿದಾರನು ತಮ್ಮ ಕೈ ಹಿಡಿದೇ ಕೂರುತ್ತಿದ್ದುದು ತಮಗೆ ತಿಳಿದೇ ಇದೆ. ಕತ್ತಲ ಹಾಲಿನಲ್ಲಿ ತಾವು ಪಕ್ಕದಲ್ಲಿಲ್ಲದಿದ್ದರೆ ಅವನಿಗೆ ಈಗಲೂ ಭಯ. ಅದೂ ತನ್ನದೇ ದೆವ್ವದ ಭಯ!

ಆದ್ದರಿಂದ ತಾವು ನಾಳೆ ಬರಲೇಬೇಕು, ನಗು ನುಂಗಿಕೊಳ್ಳಲೇಬೇಕು, ನೈಟಿ ಕಂಡ ಕೂಡಲೇ ಕಿಟಾರನೆ ಕಿರುಚಲೇಬೇಕು. "ಸುಳ್ಳುಸುಳ್ಳೇ ಕಿರುಚೋದು ನನ್ ಕೈಲಾಗಲ್ಲಪ್ಪ" ಎಂದು ಬೆಳಿಗ್ಗೆಯೇ ತಾವು ಅಪ್ಪಣೆ ಕೊಡಿಸಿರುವ ಕಾರಣ, ಲೋಕದಲ್ಲಿ ತಾವು ಹೆದರುವ ಏಕೈಕ ಪ್ರಾಣಿಯನ್ನು ಇಲ್ಲಿ ಹೆಸರಿಸದೆ ಲಗತ್ತಿಸಲಾಗಿದೆ.

ತಮ್ಮ ನಂಬಿಕಸ್ಥ ದೆವ್ವ,
ಪುಕ್ಕಲ
ಬುಧವಾರ

ಲಗತ್ತುಗಳು:
1. ನೈಟಿ (ಒಗೆದದ್ದು, ಕಲೆ ಹೋಗಿಲ್ಲ).
2. ಮೂರನೇ ಸಾಲಿನ ಟಿಕೆಟು.
3. ಜಿರಳೆ, ಒಂದು, ಜೀವಂತ (ಇಷ್ಟುಹೊತ್ತಿಗೆ ಲಕೋಟೆಯಿಂದ ಹೊರಬಂದಿರುತ್ತದೆ).

ವಿ.ಸೂ.: ಈಗ ತಾವು ಕಿರುಚಿದ್ದು ಮಹಡಿಯವರೆಗೆ ಸ್ಪಷ್ಟವಾಗಿ ಕೇಳಿಸಿರುತ್ತದೆ. ನಾಳೆಯೂ ಇದೇ ದನಿಯಲ್ಲಿ ಕಿರುಚಬೇಕಾಗಿ ವಿನಂತಿ.